ಮಲ್ಲಯ್ಯನಿಂದ ರಂಗಣ್ಣನವರೆಗೆ

ನನಗೆ ‘ಮಲ್ಲಯ್ಯ’ ಎಂಬ ಹೆಸರು ಬಿದ್ದದ್ದು 2010ರ ಜನವರಿ ಮೊದಲ ವಾರ. ಕ್ರಿಸ್‌ಮಸ್ ರಜೆ ಮುಗಿಸಿ, ಕಾಸರಗೋಡಿನಲ್ಲಿ ಸಂಜೆ ಮಾವೇಲಿ ಎಕ್ಸ್‌ಪ್ರೆಸ್ ಹತ್ತಿ, ಬೆಳಿಗ್ಗೆ ತಿರುವನಂತಪುರದ ತಂಬಾನೂರಿನಲ್ಲಿ ಇಳಿದು, ಬಸ್ಸು ಹಿಡಿದು ಹಾಸ್ಟೆಲಿಗೆ ಬಂದಿದ್ದೆ. ಮೆಸ್ಸಿನ ಬಾಗಿಲಲ್ಲಿ ಕಾಲಿಟ್ಟದ್ದೇ ತಡ, ಪುಟ್ಟು ಕಡಲೆ ತಿನ್ನುತ್ತಿದ್ದ ಹುಡುಗರೆಲ್ಲ ಎದ್ದು ನಿಂತು ಕೈಮುಗಿದರು. “ಮಲ್ಲಯ್ಯ ವನ್ನೇ!” ಎಂದು ಒಬ್ಬ ಕೂಗಿದ. ಮಲ್ಲಯ್ಯ ಬಂದನಂತೆ. ಯಾವ ಮಲ್ಲಯ್ಯ? ಹಿಂದೆ ಯಾರಾದರೂ ಇದ್ದಾರಾ ಎಂದು ನಾನೇ ತಿರುಗಿ ನೋಡಿದೆ.

ಆ ಕ್ರಿಸ್‌ಮಸ್ಸಿಗೆ ‘ಚಟ್ಟಂಬಿನಾಡ್’ ಎಂಬ ಸಿನೆಮಾ ಬಂದಿತ್ತು. ನಿರ್ದೇಶಕ ಶಾಫಿ. ಕರ್ನಾಟಕದಲ್ಲಿ ಬೆಳೆದ ವೀರೇಂದ್ರ ಮಲ್ಲಯ್ಯ ಎಂಬ ಜಮೀನ್ದಾರನ ಪಾತ್ರ ಮಮ್ಮುಟ್ಟಿಯವರದು. ಆತ ಆಡುವುದು ಕನ್ನಡ ಬೆರೆತ ಮಲಯಾಳ. ಇಡೀ ರಜೆಯಲ್ಲಿ ಆ ಸಿನೆಮಾ ನೋಡಿದ ಹುಡುಗರಿಗೆ, ಆರು ತಿಂಗಳಿಂದ ನನ್ನ ಮಾತಿನಲ್ಲಿ ಏನೋ ವಿಚಿತ್ರ ಕೇಳುತ್ತಿದೆಯಲ್ಲ, ಅದಕ್ಕೊಂದು ಹೆಸರು ಸಿಕ್ಕಿತ್ತು. ನಾಲ್ಕು ವರ್ಷದ ಮಟ್ಟಿಗೆ ಅದು ಗಟ್ಟಿಯಾಯಿತು. ಹಾಜರಿ ಪುಸ್ತಕ ಬಿಟ್ಟರೆ ನನ್ನ ನಿಜವಾದ ಹೆಸರನ್ನು ಅಲ್ಲಿ ಯಾರೂ ಬಳಸಿದ್ದು ನೆನಪಿಲ್ಲ.

ನಮ್ಮ ಮನೆ ಇರುವುದು ಬದಿಯಡ್ಕದಿಂದ ಪೆರ್ಲಕ್ಕೆ ಹೋಗುವ ದಾರಿಯಲ್ಲಿ. ಮನೆಯಲ್ಲಿ ತುಳು. ಶಾಲೆಯಲ್ಲಿ ಹತ್ತನೆಯವರೆಗೂ ಕನ್ನಡ. ಬಸ್ಸಿನಲ್ಲಿ, ಕಚೇರಿಯಲ್ಲಿ, ಕಾಸರಗೋಡು ಪೇಟೆಯಲ್ಲಿ ಮಲಯಾಳ. ಮೂರರಲ್ಲಿ ಯಾವುದನ್ನೂ ‘ಕಲಿತೆ’ ಎಂದು ಅನ್ನಿಸದ ಹಾಗೆ ಕಲಿತವರು ನಾವು. 1956ರಲ್ಲಿ ರಾಜ್ಯಗಳ ಗೆರೆ ಎಳೆದಾಗ ಕಾಸರಗೋಡು ಕೇರಳಕ್ಕೆ ಸೇರಿದ ಕತೆಯನ್ನು ನಮ್ಮ ಮೇಷ್ಟ್ರು ಪ್ರತಿ ನವೆಂಬರಿನಲ್ಲೂ ಹೇಳುತ್ತಿದ್ದರು. ಆದರೆ ಗೆರೆ ನಾಲಿಗೆಯ ಮೇಲೂ ಹಾದುಹೋಗಿದೆ ಎಂದು ನನಗೆ ತಿಳಿದದ್ದು ಐನೂರೆಪ್ಪತ್ತು ಕಿಲೋಮೀಟರು ದಕ್ಷಿಣಕ್ಕೆ ಬಂದ ಮೇಲೆ.

ತೊಂದರೆ ಮುಖ್ಯವಾಗಿ ಒಂದು ಅಕ್ಷರದ್ದು. ಮಲಯಾಳದಲ್ಲಿ ಮಳೆಗೆ ‘ಮೞ’ ಎನ್ನುತ್ತಾರೆ. ನಾಲಿಗೆಯನ್ನು ಹಿಂದಕ್ಕೆ ಮಡಚಿ, ಎಲ್ಲಿಗೂ ತಾಗಿಸದೆ ಗಾಳಿಯಲ್ಲಿ ನಿಲ್ಲಿಸುವ ಆ ೞ ನನಗೆ ಬರುತ್ತಿರಲಿಲ್ಲ. ನಾನು ‘ಮಳ’ ಎನ್ನುತ್ತಿದ್ದೆ. ಆಲಪ್ಪುೞ ಆಲಪ್ಪುಳ ಆಗುತ್ತಿತ್ತು, ಬಾಳೆಹಣ್ಣಿನ ಪೞಂ ಪಳಂ ಆಗುತ್ತಿತ್ತು. ಅದರ ಮೇಲೆ ಬಸ್ಸು, ಫೋನು, ಪೆನ್ನು ಎಂದು ಎಲ್ಲದರ ಕೊನೆಗೆ ಒಂದು ತುಂಬು ಉಕಾರ. ರಾತ್ರಿ ಎಲ್ಲರೂ ಮಲಗಿದ ಮೇಲೆ ಹಾಸ್ಟೆಲಿನ ಬಚ್ಚಲುಮನೆಯ ಕನ್ನಡಿ ಮುಂದೆ ನಿಂತು ಬಾಯಿ ತೆರೆದು ನಾಲಿಗೆ ಮಡಚುತ್ತಿದ್ದೆ. ಮೞ, ಏೞ್, ವೞಿ. ಹೈಸ್ಕೂಲಿನಲ್ಲಿ ಹಳಗನ್ನಡ ಪಾಠ ಮಾಡುವಾಗ ಪಂಡಿತರು ಇದೇ ಅಕ್ಷರವನ್ನು ಬೋರ್ಡಿನಲ್ಲಿ ಬರೆದು, ಕನ್ನಡದಲ್ಲೂ ಒಂದು ಕಾಲಕ್ಕೆ ಮೞೆ, ಏೞು ಎಂದೇ ಇತ್ತು ಎಂದಿದ್ದರು. ನನ್ನ ಭಾಷೆ ಎಂದೋ ಬಿಟ್ಟುಬಿಟ್ಟ ಅಕ್ಷರವನ್ನು ಹುಡುಕಿಕೊಂಡು ನಾನು ತಿರುವನಂತಪುರದ ಬಚ್ಚಲುಮನೆಗೆ ಬಂದಿದ್ದೆ.

ಈ ಪೇಚಿನಿಂದ ಮೊದಲು ಪಾರು ಮಾಡಿದ್ದು ಕಾಲೇಜಿನ ಎದುರಿದ್ದ ಇಂಟರ್ನೆಟ್ ಕೆಫೆ. ಗಂಟೆಗೆ ಇಪ್ಪತ್ತು ರೂಪಾಯಿ, ಪ್ಲೈವುಡ್ಡಿನ ಗೂಡು, ಒಂದು ಹಸಿರು ಪರದೆ. ಆರ್ಕುಟ್ ಆಗ ಇನ್ನೂ ಬದುಕಿತ್ತು. ನಾವೆಲ್ಲ ನಿಧಾನವಾಗಿ ಫೇಸ್‌ಬುಕ್ಕಿಗೆ ಸಾಮಾನು ಸಾಗಿಸುತ್ತಿದ್ದೆವು. ನಮ್ಮ ಕ್ಲಾಸಿನ ಗುಂಪಿನಲ್ಲಿ ಎಲ್ಲರೂ ಮಲಯಾಳವನ್ನು ಇಂಗ್ಲಿಷ್ ಅಕ್ಷರದಲ್ಲಿ ಬರೆಯುವುದು. ಊರಿನ ಗೆಳೆಯರ ಗುಂಪಿನಲ್ಲಿ ಕನ್ನಡ, ತುಳು ಕೂಡ ಅದೇ ಅಕ್ಷರದಲ್ಲಿ. ಅಲ್ಲಿ ಒಂದು ಸೋಜಿಗ ಕಂಡೆ. ನಮ್ಮೂರಿನ ಕನ್ನಡದ ‘ಎಂತ’ ಮತ್ತು ಮಲಯಾಳದ ‘ಎಂತಾ’ ಆ ಅಕ್ಷರದಲ್ಲಿ ಒಂದೇ. ಎರಡಕ್ಕೂ ಅರ್ಥವೂ ಒಂದೇ. ನಾನು ‘ಎಂತ ಮಾರಾಯ’ ಎಂದು ಟೈಪು ಮಾಡಿದರೆ ಮೊದಲ ಪದಕ್ಕೆ ತಿರುವನಂತಪುರದವನೂ ತಲೆದೂಗುತ್ತಿದ್ದ, ಪೆರ್ಲದವನೂ.

ಅದಕ್ಕಿಂತ ದೊಡ್ಡ ಸಂಗತಿಯೆಂದರೆ, ನಾಲಿಗೆಗೆ ಬಾರದ ೞ ಬೆರಳಿಗೆ ಸಲೀಸಾಗಿ ಬಂತು. ಇಂಗ್ಲಿಷಿನ ಮೂರು ಅಕ್ಷರ ಒತ್ತಿದರೆ ಮುಗಿಯಿತು. ಬರೆದದ್ದಕ್ಕೆ ಧಾಟಿ ಇಲ್ಲ. ಮೆಸ್ಸಿನಲ್ಲಿ ಬಾಯಿ ಬಿಡಲು ಅಂಜುತ್ತಿದ್ದ ಮಲ್ಲಯ್ಯ, ಪರದೆಯೊಳಗೆ ಕೂತು ಎಲ್ಲರಿಗಿಂತ ಮೊದಲು ಚಟಾಕಿ ಹಾರಿಸತೊಡಗಿದ. “ಇದು ನೀನೇ ಬರೆದದ್ದಾ?” ಎಂದು ಪಕ್ಕದ ಕೋಣೆಯವ ಬಂದು ಕೇಳಿದ ದಿನ ನನಗಾದ ಖುಷಿ ಸೆಮಿಸ್ಟರ್ ಪಾಸಾದಾಗಲೂ ಆಗಿರಲಿಲ್ಲ. ನಾನು ಇಬ್ಬರಾದೆ. ಬಾಯಲ್ಲಿ ಒಬ್ಬ, ಬೆರಳಲ್ಲಿ ಒಬ್ಬ.

ಮುಂದಿನ ವರ್ಷಗಳಲ್ಲಿ ಆ ಬೆರಳಿನವನಿಗೆ ಸುಗ್ಗಿಯೋ ಸುಗ್ಗಿ. ಫೇಸ್‌ಬುಕ್ಕಿನಲ್ಲಿ ‘ಇಂಟರ್‌ನ್ಯಾಷನಲ್ ಚಳು ಯೂನಿಯನ್’, ‘ಟ್ರೋಲ್ ಮಲಯಾಳಂ’ ಮುಂತಾದ ಪುಟಗಳು ಎದ್ದವು. ‘ಚಳು’ ಎಂದರೆ ಹಳಸಲು ಜೋಕು. ಹಳಸಲು ಜೋಕಿನ ಅಂತರರಾಷ್ಟ್ರೀಯ ಸಂಘ! ಹಳೆಯ ಸಿನೆಮಾದ ಒಂದು ಚಿತ್ರ ತೆಗೆದುಕೊಳ್ಳುವುದು, ಅದರ ಮೇಲೆ ಇವತ್ತಿನ ಸುದ್ದಿಯ ಎರಡು ಸಾಲು ಬರೆಯುವುದು, ಅಷ್ಟೇ ಕಸಬು. ಆದರೆ ಅದು ಕೇರಳದಲ್ಲಿ ಅಷ್ಟು ಚೆನ್ನಾಗಿ ನಡೆದದ್ದಕ್ಕೆ ಕಾರಣ ಇತ್ತು. 1998ರ ‘ಪಂಜಾಬಿ ಹೌಸ್’ನ ರಮಣನ್, 2003ರ ‘ಪುಲಿವಾಲ್ ಕಲ್ಯಾಣಂ’ನ ಮಣವಾಳನ್ ಇವರ ದೃಶ್ಯಗಳನ್ನು ಟಿವಿಯಲ್ಲಿ ನೋಡಿ ನೋಡಿ ಅಲ್ಲಿನ ಹುಡುಗರಿಗೆ ಬಾಯಿಪಾಠ. ಮಣವಾಳನ್ ಆದ ಸಲೀಂ ಕುಮಾರ್ ಅವರ ಮುಖವೊಂದಿದ್ದರೆ ಸಾಕು, ಮಾತು ಓದುವವನ ಕಿವಿಯಲ್ಲಿ ತಾನಾಗಿ ಕೇಳುತ್ತದೆ. ಹಾಸ್ಯನಟ ಜಗತಿ ಶ್ರೀಕುಮಾರ್ 2012ರ ಮಾರ್ಚಿನಲ್ಲಿ ಕಾರು ಅಪಘಾತವಾಗಿ ಹಾಸಿಗೆ ಹಿಡಿದರು. ಅವರನ್ನು ಥಿಯೇಟರಿನಲ್ಲಿ ಕಾಣದ ಹುಡುಗರು ಕೂಡ ದಿನಕ್ಕೆ ಹತ್ತು ಸಲ ಅವರ ಮುಖದಿಂದ ನಕ್ಕರು.

ನಾನೂ ಇಂಥವನ್ನು ಮಾಡಿ ಕಳಿಸುತ್ತಿದ್ದೆ. ಕನ್ನಡದಲ್ಲಿ ‘ಟ್ರೋಲ್ ಹೈಕ್ಳು’ ಥರದ ಪುಟಗಳು ಬಂದ ಮೇಲೆ ಒಂದೇ ಜೋಕನ್ನು ಆ ಕಡೆ ಸಲೀಂ ಕುಮಾರ್ ಮುಖ ಹಾಕಿ, ಈ ಕಡೆ ಸಾಧು ಕೋಕಿಲ ಮುಖ ಹಾಕಿ ಹಂಚಿದ್ದೂ ಉಂಟು. ಎರಡೂ ಕಡೆ ನಕ್ಕರು. ಯಾರಿಗೂ ನಾನು ಯಾವ ಊರಿನವನೆಂಬ ಅನುಮಾನ ಬರಲಿಲ್ಲ.

ನನ್ನನ್ನು ಕೆಣಕಿದ ಆ ಚಟ್ಟಂಬಿನಾಡಿಗೂ ಮರುಜನ್ಮ ಬಂತು. ಸಿನೆಮಾ ಬಂದಾಗ ಎಲ್ಲರ ಬಾಯಲ್ಲಿದ್ದದ್ದು ಮಲ್ಲಯ್ಯ. ವರ್ಷಗಳ ನಂತರ ಟ್ರೋಲ್ ಮಾಡುವವರು ಹೆಕ್ಕಿ ತೆಗೆದದ್ದು ಅದರೊಳಗಿನ ಸಣ್ಣ ಪುಕ್ಕಲು ರೌಡಿ ದಶಮೂಲಂ ದಾಮುವನ್ನು. ಸುರಾಜ್ ವೆಂಞಾರಮೂಡ್ ಮಾಡಿದ ಪಾತ್ರ. ನಾಯಕ ಹಿಂದೆ ಸರಿದ, ಬೀದಿಯ ದಾಮು ಮನೆಮಾತಾದ. ಸುರಾಜ್ ಬಗ್ಗೆ ನನಗೆ ಒಳಗೊಳಗೇ ಸಲಿಗೆ. ಅವರು ಹೆಸರು ಮಾಡಿದ್ದು ತಿರುವನಂತಪುರದ ಆಡುಮಾತಿನಿಂದ. 2005ರ ‘ರಾಜಮಾಣಿಕ್ಯಂ’ನಲ್ಲಿ ಮಮ್ಮುಟ್ಟಿಯವರ ಪಾತ್ರಕ್ಕೆ ಹೆಸರು ಬಳ್ಳಾರಿ ರಾಜ, ಮಾತು ಮಾತ್ರ ಅಪ್ಪಟ ತಿರುವನಂತಪುರದ್ದು. ಆ ಧಾಟಿಯನ್ನು ಅವರಿಗೆ ಹೇಳಿಕೊಟ್ಟವರು ಸುರಾಜ್. ಕೊಚ್ಚಿಯವರು ನಗುವ ಧಾಟಿ ನನ್ನದೊಂದೇ ಅಲ್ಲ, ರಾಜಧಾನಿಯವರದ್ದೂ ಹೌದು ಎಂದು ಗೊತ್ತಾದಾಗ ಸ್ವಲ್ಪ ಉಸಿರು ಬಿಟ್ಟೆ.

ಅದೇ ಊರಿನಿಂದ ಎದ್ದು ಜಾಲಕ್ಕೆ ಹೋದ ಇನ್ನೊಂದು ಮಾತು ‘ಪೊಂಗಾಲ’. ಆಟ್ಟುಕಾಲ್ ಭಗವತಿಯ ಪೊಂಗಾಲವನ್ನು ನಾನು ಮೊದಲು ನೋಡಿದ್ದು ಮೊದಲ ವರ್ಷದಲ್ಲೇ. ಹಿಂದಿನ ದಿನದಿಂದ ರಸ್ತೆಯುದ್ದಕ್ಕೂ ಮೂರು ಮೂರು ಇಟ್ಟಿಗೆ. ಬೆಳಗಾದರೆ ಪ್ರತಿ ಮೂರು ಇಟ್ಟಿಗೆಗೆ ಒಬ್ಬ ಹೆಂಗಸು, ಒಂದು ಹೊಸ ಮಣ್ಣಿನ ಮಡಕೆ, ಅಕ್ಕಿ, ಬೆಲ್ಲ, ತೆಂಗಿನಕಾಯಿ. ದೇವಸ್ಥಾನದ ಒಲೆಗೆ ಬೆಂಕಿ ಬಿದ್ದ ಮೇಲೆ ಅದೇ ಬೆಂಕಿ ಒಂದು ಒಲೆಯಿಂದ ಇನ್ನೊಂದಕ್ಕೆ, ಅಲ್ಲಿಂದ ಮತ್ತೊಂದಕ್ಕೆ ದಾಟುತ್ತಾ ಇಡೀ ಪೇಟೆಯನ್ನು ಆವರಿಸುತ್ತದೆ. 2009ರಲ್ಲಿ 25 ಲಕ್ಷ ಹೆಂಗಸರು ಸೇರಿದ್ದರೆಂದು ಗಿನ್ನೆಸ್ ದಾಖಲೆ. ಹೊಗೆಗೆ ಕಣ್ಣುಜ್ಜುತ್ತಾ ನಿಂತ ನನ್ನ ಕೈಗೆ ಯಾರೋ ಅಮ್ಮ ಬಾಳೆಲೆಯಲ್ಲಿ ಪಾಯಸ ಇಟ್ಟರು. ನನ್ನ ಮಾತು ಕೇಳಿ ಊರು ಯಾವುದೆಂದರು. ನಗಲಿಲ್ಲ.

2014ರ ವಿಂಬಲ್ಡನ್ ಹೊತ್ತಿಗೆ ನಾನು ಕಳಕೂಟ್ಟಂನ ಬಾಡಿಗೆ ಕೋಣೆಯಲ್ಲಿದ್ದೆ. ಟೆಕ್ನೋಪಾರ್ಕಿನ ಒಂದು ಕಂಪನಿಯಲ್ಲಿ ಕೆಲಸ ಸಿಕ್ಕಿ ವರ್ಷವಾಗಿತ್ತು. ಸಚಿನ್ ತೆಂಡೂಲ್ಕರ್ ಯಾರೆಂದು ಗೊತ್ತಿಲ್ಲ ಎಂದುಬಿಟ್ಟರು ಮರಿಯಾ ಶರಪೋವಾ. “ಪೊಂಗಾಲ ಇಡೋಣ ಬಾ” ಎಂದ ಕೋಣೆಯ ಗೆಳೆಯ. ಅಂದರೆ ಎಲ್ಲರೂ ಒಟ್ಟಿಗೆ ಹೋಗಿ ಆಕೆಯ ಫೇಸ್‌ಬುಕ್ ಪುಟದಲ್ಲಿ ಬೈಗುಳದ ಒಲೆ ಹೊತ್ತಿಸುವುದು. ರಷ್ಯದ ಆ ಹೆಣ್ಣುಮಗಳ ಪುಟದ ತುಂಬ ಮಲಯಾಳ. ಆಕೆಗೆ ಒಂದಕ್ಷರ ಅರ್ಥವಾಗಿರಲಿಕ್ಕಿಲ್ಲ. ನಾನೂ ಒಂದು ಬರೆದೆ. ಏನು ಬರೆದೆ ಎಂದು ಈಗ ಇಲ್ಲಿ ಹೇಳಲಾರೆ, ನಾಚಿಕೆಯಾಗುತ್ತದೆ. ಆದರೆ ಆ ರಾತ್ರಿ ನಾಚಿಕೆಯಾಗಿರಲಿಲ್ಲ. ಸಾವಿರ ಮಂದಿ ಒಟ್ಟಾಗಿ ಒಬ್ಬಾಕೆಯನ್ನು ಬೈಯುವಾಗ ನಾನು ಮೊದಲ ಸಲ ಪೂರ್ತಿ ಮಲಯಾಳಿಯಾಗಿದ್ದೆ. ಯಾರೂ ಮಲ್ಲಯ್ಯ ಎನ್ನಲಿಲ್ಲ. ನಾಲ್ಕು ವರ್ಷ ಕನ್ನಡಿ ಮುಂದೆ ನಿಂತರೂ ದಕ್ಕದ್ದು ಒಂದು ಬೈಗುಳಕ್ಕೆ ದಕ್ಕಿತು. 2021ರಲ್ಲಿ ರೈತ ಚಳವಳಿಯ ಬಗ್ಗೆ ಸಚಿನ್ ಮಾಡಿದ ಟ್ವೀಟಿಗೆ ಸಿಟ್ಟಾದ ಮಲಯಾಳಿಗಳು ಮತ್ತೆ ಅದೇ ಪುಟಕ್ಕೆ ಹೋಗಿ ಶರಪೋವಾ ಅವರ ಕ್ಷಮೆ ಕೇಳಿದರು, ಅದೂ ಮಲಯಾಳದಲ್ಲೇ. ಆಗ ನಾನು ಹೋಗಲಿಲ್ಲ. ಕ್ಷಮೆಯನ್ನೂ ಗುಂಪಿನಲ್ಲಿ ಕೇಳುವುದು ಸರಿ ಕಾಣಲಿಲ್ಲ.

ಹುಡುಗರ ಜಾಲ ಇಷ್ಟು ಧಾರಾಳವಾಗಿದ್ದಾಗ ನನ್ನ ತಂಗಿಯದು ಬೇರೆಯೇ ಆಗಿತ್ತು. ಅವಳೂ ತಿರುವನಂತಪುರಕ್ಕೆ ಓದಲು ಬಂದಳು. ಫೇಸ್‌ಬುಕ್ಕಿನಲ್ಲಿ ಅವಳ ಹೆಸರಿನ ಪಕ್ಕ ಇದ್ದದ್ದು ಒಂದು ಗುಲಾಬಿ ಹೂ. ಆಗಾಗ ಅದು ದಾಸವಾಳವಾಗುತ್ತಿತ್ತು. ನಮ್ಮ ಕಡೆಯ ಎಷ್ಟೋ ಹೆಣ್ಣುಮಕ್ಕಳು ಜಾಲದಲ್ಲಿ ಹೂವಾಗಿಯೇ ಇದ್ದವರು. ಮುಖ ಹಾಕಬಾರದು ಎಂದು ಅಪ್ಪ ಹೇಳಿದ್ದೂ ಇಲ್ಲ, ಹಾಕು ಎಂದದ್ದೂ ಇಲ್ಲ. 2017ರ ಓಣಂಗೆ ‘ಜಿಮ್ಮಿಕ್ಕಿ ಕಮ್ಮಲ್’ ಹಾಡು ಬಂತು. ಕೊಚ್ಚಿಯ ಇಂಡಿಯನ್ ಸ್ಕೂಲ್ ಆಫ್ ಕಾಮರ್ಸ್‌ನ ಶಿಕ್ಷಕಿಯರೂ ವಿದ್ಯಾರ್ಥಿಗಳೂ ಕಸವು ಸೀರೆ, ಮುಂಡು ಉಟ್ಟು ಕುಣಿದ ವೀಡಿಯೊ ದೇಶ ದಾಟಿ ಹೋಯಿತು. ಅದನ್ನು ನೋಡಿ ಕುಣಿಯದ ಕಾಲೇಜು ಆ ವರ್ಷ ಕೇರಳದಲ್ಲಿ ಇತ್ತೋ ಇಲ್ಲವೋ. ತಂಗಿಯ ಕ್ಲಾಸೂ ಕುಣಿಯಿತು. ಯಾರೋ ಯೂಟ್ಯೂಬಿಗೆ ಹಾಕಿದರು. ಬದಿಯಡ್ಕದ ಅಂಗಡಿಯಲ್ಲಿ ಯಾರದೋ ಫೋನಿನಲ್ಲಿ ಅಪ್ಪ ನೋಡಿದರು.

ಆ ಸಂಜೆ ಅಪ್ಪನ ಫೋನು ಬಂದಾಗ ತಂಗಿಗೆ ಕೈ ನಡುಗಿತ್ತಂತೆ. ಅಪ್ಪ ಕೇಳಿದ್ದು ಇಷ್ಟೇ: “ಮೂರನೇ ಸಾಲಿನಲ್ಲಿ ಎಂತಕ್ಕೆ ನಿಂತದ್ದು? ಮೋನೆ ತೋಜುಜಿ.” ಮುಖ ಕಾಣುವುದಿಲ್ಲ ಎಂದು. ಮರುದಿನ ಗುಲಾಬಿ ಹೋಗಿ ಮುಖ ಬಂತು.

ಎಲ್ಲರ ಮನೆಯಲ್ಲೂ ನಮ್ಮ ಅಪ್ಪನಂಥ ಅಪ್ಪ ಇರುವುದಿಲ್ಲವಲ್ಲ. ಎರಡು ವರ್ಷ ಕಳೆದು, 2019ರ ಸೆಪ್ಟೆಂಬರಿನಲ್ಲಿ ಕೊಚ್ಚಿಯಲ್ಲಿರುವ ಕೇರಳ ಹೈಕೋರ್ಟಿನಿಂದ ಒಂದು ತೀರ್ಪು ಬಂತು. ಹಾಸ್ಟೆಲಿನಲ್ಲಿ ಓದಿನ ಹೊತ್ತಿಗೆ ಮೊಬೈಲ್ ಕೊಟ್ಟುಬಿಡಬೇಕು ಎಂಬ ನಿಯಮವನ್ನು ಒಪ್ಪದ ಕೋಯಿಕ್ಕೋಡಿನ ಕಡೆಯ ವಿದ್ಯಾರ್ಥಿನಿಯೊಬ್ಬಳನ್ನು ಹಾಸ್ಟೆಲಿನಿಂದ ಹೊರಹಾಕಿದ್ದರು. ಅವಳು ಕೋರ್ಟಿಗೆ ಹೋದಳು. ಇಂಟರ್ನೆಟ್ ಬಳಸುವ ಹಕ್ಕು ಶಿಕ್ಷಣದ ಹಕ್ಕಿನ, ಖಾಸಗಿತನದ ಹಕ್ಕಿನ ಭಾಗ ಎಂದರು ನ್ಯಾಯಮೂರ್ತಿ ಪಿ.ವಿ. ಆಶಾ. ಅವಳನ್ನು ಮರಳಿ ಸೇರಿಸಿಕೊಳ್ಳಬೇಕಾಯಿತು. ತಂಗಿ ಆ ಸುದ್ದಿಯನ್ನು ಮನೆಯವರ ವಾಟ್ಸಾಪ್ ಗುಂಪಿಗೆ ಹಾಕಿ, ಕೆಳಗೆ ಒಂದು ಗುಲಾಬಿ ಇಟ್ಟಳು.

ಅಷ್ಟರಲ್ಲಿ ನಾನು ಕೊಚ್ಚಿಯವನಾಗಿದ್ದೆ. 2016ರಲ್ಲಿ ಕಾಕ್ಕನಾಡಿನ ಇನ್ಫೋಪಾರ್ಕಿಗೆ ಬಂದೆ. ಕೊಚ್ಚಿಗೆ ಹೆಸರಿಡುವ ಚಪಲ ಇನ್ನೂ ಜಾಸ್ತಿ. 2017ರ ಕೊನೆಗೆ ಕೊಚ್ಚಿ ಮೆಟ್ರೊದವರು ತಮ್ಮ ಲಾಂಛನದ ಆನೆಮರಿಗೆ ಹೆಸರು ಸೂಚಿಸಿ ಎಂದು ಫೇಸ್‌ಬುಕ್ಕಿನಲ್ಲಿ ಕೇಳಿದರು. ಜನ ಒಬ್ಬ ರಾಜಕಾರಣಿಯ ಹೆಸರಿಗೆ ‘ಆನ’ ಸೇರಿಸಿ, ಅದಕ್ಕೇ ಅತಿ ಹೆಚ್ಚು ಲೈಕು ಒತ್ತಿದರು. ವ್ಯಕ್ತಿಗಳ ಹೆಸರು ಇಡುವಂತಿಲ್ಲ ಎಂದು ಮೆಟ್ರೊದವರು ಬೇಡಿಕೊಳ್ಳಬೇಕಾಯಿತು. ಇಂಥ ಊರಿನಲ್ಲಿ ನನ್ನ ೞ ಆ ವೇಳೆಗೆ ಸರಿಯಾಗಿತ್ತು. ಉಕಾರವೂ ಉದುರಿತ್ತು. “ಕಾಸರಗೋಡಿನವರಾ? ಗೊತ್ತೇ ಆಗುವುದಿಲ್ಲ” ಎಂದು ಆಫೀಸಿನವರು ಅಂದಾಗ ಅದನ್ನು ಹೊಗಳಿಕೆ ಎಂದೇ ತೆಗೆದುಕೊಂಡೆ.

2018ರ ಆಗಸ್ಟಿನ ಪ್ರವಾಹದಲ್ಲಿ ಮಾತ್ರ ಹಳೆಯ ನಾಲಿಗೆಗೆ ಕೆಲಸ ಬಂತು. ವಿಮಾನ ನಿಲ್ದಾಣದೊಳಗೆ ನೀರು. ಎರಡು ವಾರ ಬಾಗಿಲು ಮುಚ್ಚಿತ್ತು. ನಿನ್ನೆಯವರೆಗೆ ಸಲೀಂ ಕುಮಾರ್ ಮುಖ ಹಾಕುತ್ತಿದ್ದ ಹುಡುಗರ ಗುಂಪುಗಳಲ್ಲಿ ಈಗ ಮನೆ ವಿಳಾಸ, ಫೋನ್ ನಂಬರು, ‘ಮಾಡಿನ ಮೇಲೆ ಆರು ಜನ, ಒಬ್ಬಳು ತುಂಬು ಗರ್ಭಿಣಿ’ ಎಂಬಂಥ ಸಾಲು. ರಾಜ್ಯದ ಐಟಿ ಮಿಷನ್ ಜೊತೆ ಸೇರಿ ಸ್ವಯಂಸೇವಕರು ಕಟ್ಟಿದ ‘ಕೇರಳ ರೆಸ್ಕ್ಯೂ’ ಜಾಲತಾಣಕ್ಕೆ ನಮ್ಮ ಆಫೀಸಿನವರೂ ರಾತ್ರಿ ಕೂತು ಕೋಡ್ ಬರೆದರು. ನಾನು ಹೋದದ್ದು ಕಡವಂತ್ರದ ಒಳಾಂಗಣ ಕ್ರೀಡಾಂಗಣಕ್ಕೆ. ‘ಅನ್ಬೋಡು ಕೊಚ್ಚಿ’ ಎಂಬ ಯುವಕರ ಬಳಗ ಅಲ್ಲಿ ಅಕ್ಕಿ, ಬಟ್ಟೆ, ಔಷಧಿ ಪೇರಿಸುತ್ತಿತ್ತು. 2015ರ ಚೆನ್ನೈ ಪ್ರವಾಹದ ಹೊತ್ತಿಗೆ ಹುಟ್ಟಿದ ಬಳಗ ಅದು.

ಎರಡನೇ ರಾತ್ರಿ ಕರ್ನಾಟಕದ ನಂಬರಿನ ಲಾರಿಗಳು ಬರತೊಡಗಿದವು. ಒಬ್ಬ ಡ್ರೈವರಿಗೆ ಮಲಯಾಳ ಬಾರದು, ಇವರಿಗೆ ಕನ್ನಡ ಬಾರದು. “ಇಲ್ಲಿ ಕನ್ನಡ ಬಲ್ಲವರು ಯಾರಾದರೂ?” ಎಂದು ಮೈಕಿನಲ್ಲಿ ಕೂಗಿದರು. ಕೈ ಎತ್ತಲು ಒಂದು ಗಳಿಗೆ ತಡವಾಯಿತು. ಆ ಒಂದು ಗಳಿಗೆಯನ್ನು ನಾನು ಮರೆತಿಲ್ಲ. ಆಮೇಲೆ ಮೂರು ದಿನ ಲಾರಿ ಬಳಿ ನಿಲ್ಲುವುದೇ ನನ್ನ ಕೆಲಸ. “ಅಣ್ಣಾ, ಹಿಂದಕ್ಕೆ ಬನ್ನಿ, ಎಡಕ್ಕೆ ಹೊಡೀರಿ, ಊಟ ಆಯ್ತಾ?” ಚನ್ನರಾಯಪಟ್ಟಣದ ಡ್ರೈವರೊಬ್ಬರು ಚಾಪೆ, ಬಿಸ್ಕತ್ತು ಇಳಿಸಿ ಬೀಡಿ ಹಚ್ಚಿಕೊಂಡು, “ನಮ್ ಕೊಡಗ್ನಲ್ಲೂ ಗುಡ್ಡ ಕುಸೀತೈತಂತೆ ಸಾರ್” ಎಂದರು. ಅದು ನಿಜವಾಗಿತ್ತು, ಅದೇ ವಾರ. ಸಾಗಿಸಿದ ಮೂಟೆ ಎಷ್ಟೋ, ಲೆಕ್ಕ ಇಟ್ಟಿಲ್ಲ. ಆದರೆ ದಕ್ಷಿಣಕ್ಕೆ ಬಂದ ಒಂಬತ್ತು ವರ್ಷದಲ್ಲಿ ಯಾರೋ ನನ್ನ ಕನ್ನಡವನ್ನು ಬೇಕೆಂದು ಕೇಳಿದ್ದು ಅದೇ ಮೊದಲು. ಅದೇ ತಿಂಗಳ 24ಕ್ಕೆ ರಿಷಬ್ ಶೆಟ್ಟಿಯವರ ‘ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆ ಕಾಸರಗೋಡು’ ಬಿಡುಗಡೆಯಾಗಿ, ಕರ್ನಾಟಕದವರೂ ನಮ್ಮ ಶಾಲೆಗಳ ಹೆಸರು ಹೇಳತೊಡಗಿದರು.

ಆಮೇಲೆ ಕಾಲ ಬೇಗ ಬೇಗ ಓಡಿತು. ಕಾಕ್ಕನಾಡಿನ ನಮ್ಮ ಬಾಡಿಗೆ ಮನೆಯಲ್ಲಿ ನಾಲ್ವರು ‘ಕರಿಕ್ಕ್’ನ ಯೂಟ್ಯೂಬ್ ಸರಣಿ ‘ತೇರಾ ಪಾರಾ’ ನೋಡುತ್ತಾ ಊಟ ಮಾಡುತ್ತಿದ್ದೆವು. ಕರಿಕ್ಕ್ ಎಂದರೆ ನಮ್ಮ ಬೊಂಡ, ಎಳನೀರು. ಕೆಲಸವಿಲ್ಲದ, ಬಾಡಿಗೆ ಕೊಡದ ಹುಡುಗರ ಕತೆ. ನಮ್ಮಲ್ಲಿ ಯಾರು ಲೋಲನ್, ಯಾರು ಜಾರ್ಜ್ ಎಂದು ಜಗಳ. 2021ರಲ್ಲಿ ಸೆನ್ನಾ ಹೆಗ್ಡೆಯವರ ‘ತಿಂಗಳಾೞ್ಚ ನಿಶ್ಚಯಂ’ ಓಟಿಟಿಯಲ್ಲಿ ಬಂತು. ಅವರು ಅದಕ್ಕೆ ಮೊದಲು ಕನ್ನಡದಲ್ಲಿ ‘ಕಥೆಯೊಂದು ಶುರುವಾಗಿದೆ’ ಮಾಡಿದವರು. ಕಾಞಂಗಾಡಿನ ಒಂದು ಮನೆ, ಒಂದು ನಿಶ್ಚಿತಾರ್ಥ, ಅಪ್ಪಟ ಕಾಸರಗೋಡು ಮಲಯಾಳ. ಕೊಚ್ಚಿಯವರು ಕೆಳಗೆ ಬರುವ ಅಕ್ಷರ ಓದುತ್ತಾ ನೋಡಿ, “ನಿಮ್ಮ ಭಾಷೆ ಎಷ್ಟು ಚೆಂದ!” ಎಂದು ಬೆನ್ನು ತಟ್ಟಿದರು. ಅದು ಚಂದ್ರಗಿರಿ ಹೊಳೆಯ ತೆಂಕಣ ಭಾಷೆ, ನಮ್ಮದು ಬಡಗಣದ್ದು ಎಂದು ಬಿಡಿಸಿ ಹೇಳುವುದು ಯಾಕೆಂದು ಸುಮ್ಮನಾದೆ. ಧಾಟಿಗೆ ಬೆಲೆ ಬರುತ್ತಿದೆ ಎಂದು ಮಾತ್ರ ತಿಳಿಯಿತು.

ಆ ಬೆಲೆ ಗಗನಕ್ಕೇರಿದ್ದು 2024ರ ಏಪ್ರಿಲಿನಲ್ಲಿ, ‘ಆವೇಶಂ’ ಬಂದಾಗ. ಬೆಂಗಳೂರಿಗೆ ಓದಲು ಹೋದ ಮೂವರು ಮಲಯಾಳಿ ಹುಡುಗರು. ಅವರಿಗೆ ಗಂಟುಬೀಳುವ ರೌಡಿ ರಂಗ. ಹುಡುಗರ ಪಾತ್ರ ಮಾಡಿದ ಮೂವರೂ ಇನ್‌ಸ್ಟಾಗ್ರಾಮ್, ಯೂಟ್ಯೂಬಿನಿಂದ ಬಂದವರು. ಬಿಳಿ ಅಂಗಿ, ಮೈತುಂಬ ಚಿನ್ನ, ಬಿಡುವಾದಾಗ ರೀಲ್ಸ್ ಮಾಡುವ ರಂಗನಾಗಿ ಫಹಾದ್ ಫಾಸಿಲ್. ಆತನ ಮಾತು ಏನು ಗೊತ್ತೇ? ಕನ್ನಡ ಬೆರೆತ ಮಲಯಾಳ. ಇಡಪ್ಪಳ್ಳಿಯ ಥಿಯೇಟರಿನಲ್ಲಿ ಆತ ಬಾಯಿ ತೆರೆದಾಗಲೆಲ್ಲ ಶಿಳ್ಳೆ. ಹದಿನಾಲ್ಕು ವರ್ಷದ ಹಿಂದೆ ಮೆಸ್ಸಿನಲ್ಲಿ ಕೇಳಿದ್ದ ನಗುವಿಗೂ ಈ ಶಿಳ್ಳೆಗೂ ನಡುವೆ ಕೂತು ನಾನು ಪಾಪ್‌ಕಾರ್ನ್ ಹಿಡಿದುಕೊಂಡೇ ಉಳಿದೆ.

ಸೋಮವಾರ ಆಫೀಸಿಗೆ ಹೋದರೆ ಎಲ್ಲರ ಬಾಯಲ್ಲಿ ರಂಗನ ಮಾತು, “ಎಡಾ ಮೋನೇ, ಹ್ಯಾಪಿ ಅಲ್ಲೇ?” ಖುಷಿ ತಾನೇ ಎಂದು. ಎಲ್ಲರೂ ಫೋನು ಎನ್ನುತ್ತಿದ್ದಾರೆ, ಬಸ್ಸು ಎನ್ನುತ್ತಿದ್ದಾರೆ. ನಾನು ಕಷ್ಟಪಟ್ಟು ಉದುರಿಸಿದ ಉಕಾರವನ್ನು ಅವರು ಹೆಕ್ಕಿ ಮುಡಿದುಕೊಂಡಿದ್ದಾರೆ! ಹೊಸದಾಗಿ ಸೇರಿದ ಹುಡುಗಿಯೊಬ್ಬಳಿಗೆ ನಾನು ಕನ್ನಡದವನೆಂದು ಯಾರೋ ಹೇಳಿದರು. ಅವಳು ಫೋನು ಹಿಡಿದು ಬಂದಳು. “ಚೇಟ್ಟಾ, ನಿಜವಾದ ರಂಗಣ್ಣನ ಥರ ಒಂದು ಸಲ ಹೇಳಿ, ರೀಲ್ಸಿಗೆ.”

ಹೇಳಿದೆ. ನನ್ನ ಬಾಯಿಂದ ಬಂದದ್ದು ಆಕಾಶವಾಣಿಯ ವಾರ್ತೆಯಂಥ ಶುದ್ಧ ಮಲಯಾಳ. “ಅಯ್ಯೋ, ಹಾಗಲ್ಲ” ಎಂದಳು. ಮತ್ತೊಮ್ಮೆ ಪ್ರಯತ್ನಪಟ್ಟೆ. ನನ್ನ ಹದಿನೆಂಟರ ನಾಲಿಗೆಯನ್ನು ಹುಡುಕಿದೆ, ಸಿಗಲಿಲ್ಲ. ಕೊನೆಗೆ ಫಹಾದ್ ಹೇಗೆ ಹೇಳಿದ್ದರೆಂದು ನೆನಪು ಮಾಡಿಕೊಂಡು ಹಾಗೇ ಹೇಳಿದೆ. “ಈಗ ಸರಿ!” ಎಂದು ಕುಣಿದಳು. ಎಲ್ಲರೂ ಚಪ್ಪಾಳೆ ತಟ್ಟಿದರು. ಆಲಪ್ಪುೞದ ಒಬ್ಬ ನಟನನ್ನು ಅನುಕರಿಸಿ ನಾನು ನನ್ನಂತೆ ಮಾತಾಡಿದ್ದೆ.

ಆ ರಾತ್ರಿ ಬಹಳ ಹೊತ್ತು ನಿದ್ದೆ ಬರಲಿಲ್ಲ. ಸಿಟ್ಟು ಯಾರ ಮೇಲೆ ಮಾಡುವುದು? ಮಲ್ಲಯ್ಯ ಎಂದವರು ದುಷ್ಟರಲ್ಲ. ಅವರಲ್ಲಿ ಇಬ್ಬರು ನನ್ನ ಮದುವೆಗೆ ಬಂದು ಬಡಿಸಿದ್ದರು. ರೀಲ್ಸ್ ಮಾಡಿದ ಹುಡುಗಿಯೂ ಪ್ರೀತಿಯಿಂದಲೇ ಕೇಳಿದ್ದು. ಧಾಟಿಯನ್ನು ತೆಗೆದುಹಾಕಿದವನು ನಾನೇ, ಬಚ್ಚಲುಮನೆಯ ಕನ್ನಡಿ ಮುಂದೆ ನಿಂತು, ಯಾರೂ ಹೇಳದೆ. ನಗುವ ಜನ ಯಾವತ್ತೂ ಇರುತ್ತಾರೆ. ಇವತ್ತು ನಕ್ಕದ್ದನ್ನೇ ನಾಳೆ ತೊಟ್ಟುಕೊಳ್ಳುತ್ತಾರೆ. ಆ ನಾಳೆಯವರೆಗೆ ಕಾಯುವ ತಾಳ್ಮೆ ಹದಿನೆಂಟರ ಹುಡುಗನಿಗೆ ಇರುವುದಿಲ್ಲ, ಅಷ್ಟೇ.

ಆ ಬೇಸಿಗೆ ಊರಿಗೆ ಹೋದಾಗ ಅಣ್ಣನ ಮಗ ಜಗಲಿಯಲ್ಲಿ ಫೋನು ಹಿಡಿದು ಕೂತಿದ್ದ. ಕನ್ನಡ ಮಾಧ್ಯಮದಲ್ಲಿ ಆರನೆಯ ಕ್ಲಾಸು. ಅಮ್ಮ ಅಡಿಕೆ ಸುಲಿಯುತ್ತಿದ್ದವಳು ಎದ್ದು ಹೋಗುವಾಗ ಆತ ಕೂಗಿದ, “ಎಡಾ ಮೋನೇ!” ಮಲಯಾಳದಲ್ಲಿ ಮೋನೇ ಎಂದರೆ ಮಗನೇ. ತುಳುವಿನಲ್ಲಿ ಮೋನೆ ಎಂದರೆ ಮುಖ. ಅಮ್ಮನಿಗೆ ಮಲಯಾಳ ಬರುವುದಿಲ್ಲ ಎಂದಲ್ಲ. ಆದರೆ ಮನೆಯೊಳಗೆ ಕೇಳಿದ್ದು ಅವಳ ಕಿವಿಗೆ ತುಳುವೇ. ಸೆರಗಿನಿಂದ ಕೆನ್ನೆ ಒರೆಸಿಕೊಂಡು, “ಮೋನೆಗ್ ದಾದ ಆಂಡ್?” ಎಂದು ಕೇಳಿದಳು. ಮುಖಕ್ಕೆ ಏನಾಯಿತು ಎಂದು. ಹುಡುಗ ಬಿದ್ದು ಬಿದ್ದು ನಕ್ಕ. ನನಗೂ ನಗು ತಡೆಯಲಾಗಲಿಲ್ಲ.

ಮಳೆಗಾಲ ಮುಗಿದ ಮೇಲೆ ಅಪ್ಪ ಕೊಚ್ಚಿಗೆ ಬಂದರು. ವಂದೇ ಭಾರತ್ ರೈಲಿನಲ್ಲಿ ಇದೇ ಮೊದಲು. ಕೊಟ್ಟ ತಿಂಡಿಯ ಪೊಟ್ಟಣವನ್ನು ಮೊಮ್ಮಗನಿಗೆಂದು ಹಾಗೇ ಚೀಲದಲ್ಲಿ ಇಟ್ಟುಕೊಂಡಿದ್ದರು. ಎರ್ನಾಕುಳಂ ಸ್ಟೇಷನ್ನಿನ ಹೊರಗೆ ನಾನು ಫೋನಿನಲ್ಲಿ ಟ್ಯಾಕ್ಸಿ ಹುಡುಕುತ್ತಿದ್ದರೆ, ಅವರು ಆಗಲೇ ಆಟೋದವನ ಬಳಿ ಹೋಗಿ ಮಾತಿಗಿಳಿದಿದ್ದರು.

“ಕಾಕ್ಕನಾಡು ಪೋಣಂ ಮಾರಾಯಾ. ಎತ್ರ ಆವುಂ?”

ಎಪ್ಪತ್ತು ವರ್ಷದಿಂದ ಆಡುತ್ತಿದ್ದ ಅದೇ ಮಲಯಾಳ. ಎಲ್ಲ ಉಕಾರವೂ ಇದ್ದ ಜಾಗದಲ್ಲೇ ಇದೆ. ಡ್ರೈವರ್ ಹುಡುಗ, ಇಪ್ಪತ್ತೈದು ದಾಟಿರಲಿಕ್ಕಿಲ್ಲ, ಕಣ್ಣರಳಿಸಿದ.

“ಅಯ್ಯೋ, ರಂಗಣ್ಣನ್!”

ನನ್ನ ಎದೆ ಒಮ್ಮೆ ಹೊಡೆದುಕೊಂಡಿತು. ಅಪ್ಪ ಸಿನೆಮಾ ನೋಡಿದವರಲ್ಲ. ಆತನನ್ನು ಮೇಲಿನಿಂದ ಕೆಳಗೆ ನೋಡಿ, ಯಾರೋ ವಿಳಾಸ ತಪ್ಪಿದವನಿಗೆ ಹೇಳುವಂತೆ ಹೇಳಿದರು.

“ರಂಗಣ್ಣ ಅಲ್ಲ. ಐತಪ್ಪ.”

ಹುಡುಗ ಗೊಳ್ಳೆಂದು ನಕ್ಕ. ಹಿಂದಿನ ಸೀಟು ಒರೆಸಿ, ಚೀಲ ಎತ್ತಿಟ್ಟು, ತಿರುಗಿ ಕೂತು ಕೇಳಿದ, “ಐತಪ್ಪಣ್ಣಾ, ಹ್ಯಾಪಿ ಅಲ್ಲೇ?”

ಅಪ್ಪ ಸ್ವಲ್ಪ ಯೋಚಿಸಿದರು.

“ಮೀಟ್ರು ಇಟ್ಟಾಲ್ ಹ್ಯಾಪಿ.”

ಆತ ಮೀಟರ್ ಹಾಕಿದ.